ದವಡೆಗೆ ಒತ್ತಿದ ಹುಟ್ಟು

ಇಕಾಲುಯಿತ್
18 ಅಕ್ಟೋಬರ್ 1993

ಪ್ರೀತಿಯ ಅಪ್ಪ, ಅಮ್ಮ,

ಲಕೋಟೆ ಇಷ್ಟು ದಪ್ಪಗಿರುವುದನ್ನು ನೋಡಿ ಅಮ್ಮ ಇದರಲ್ಲಿ ಬಟ್ಟೆ ಇದೆ ಅಂದುಕೊಂಡಿರುತ್ತಾಳೆ. ಇಲ್ಲ ಅಮ್ಮ, ಬರೀ ಕಾಗದ. ಹೋದ ಆಗಸ್ಟಿನಲ್ಲಿ ದಕ್ಷಿಣದ ಸಂಶೋಧಕರು, ನಾವು ಗಡ್ಡಪ್ಪ ಅನ್ನುವವರು, ನಮ್ಮ ಊರಿಗೆ ಬಂದು, ಹಿರಿಯರನ್ನು ಒಬ್ಬೊಬ್ಬರಾಗಿ ಶಾಲೆಯ ಕೋಣೆಯಲ್ಲಿ ಕೂರಿಸಿಕೊಂಡು ಆರ್ಲುಕ್ ತಿಮಿಂಗಿಲದ ಬಗ್ಗೆ ಕೇಳಿದರಲ್ಲ, ನಾನು ನಡುವೆ ಕೂತು ಅವರ ಮಾತು ಇವರಿಗೆ, ಇವರ ಮಾತು ಅವರಿಗೆ ದಾಟಿಸಿದೆನಲ್ಲ, ಅದರ ಕರಡು. ನಮ್ಮ ಲಿಪಿಯಲ್ಲೂ ಇದೆ, ದಕ್ಷಿಣದವರ ಲಿಪಿಯಲ್ಲೂ ಇದೆ. ಮುಂದಿನ ಚಳಿಗಾಲದಲ್ಲಿ ಪುಸ್ತಕವಾಗಿ ಬಂದು ಉತ್ತರದ ಹಿಮನಾಡಿನ ಎಲ್ಲ ಶಾಲೆಗಳಿಗೂ ಹೋಗುತ್ತದಂತೆ.

ಹನ್ನೊಂದು ಜನರ ಹೆಸರಿದೆ. ಲುಕಾಸಿ ಚಿಕ್ಕಪ್ಪನಿಗೆ ಎರಡು ಪುಟ. ಅಪ್ಪ, ನಿಮ್ಮ ಹೆಸರು ಇಲ್ಲ.

ಇಪ್ಪತ್ತನೇ ಪುಟದಲ್ಲಿ ಇನ್ನೊಂದು ಮಾತಿದೆ. ಬೇರೆಯವರಿಂದ ತಿಳಿಯುವ ಮೊದಲು ನಾನೇ ಹೇಳಿಬಿಡುತ್ತೇನೆ. ‘ಈ ಕೊಲ್ಲಿಗೆ ಆರ್ಲುಕ್ ಬರುವುದು ತೀರಾ ಅಪರೂಪ. ನೀರಿಗೆ ಇಳಿಬಿಟ್ಟ ಮೈಕಿನಲ್ಲಿ ಹತ್ತು ದಿನವೂ ಅದರ ದನಿ ಕೇಳಲಿಲ್ಲ’ ಎಂದು ಬರೆದಿದ್ದಾರೆ.

ಇಲ್ಲಿ ಎಲ್ಲ ಚೆನ್ನಾಗಿದೆ. ಕಚೇರಿಯ ಹೀಟರ್ ಅತಿಯಾಗಿ ಉರಿಯುತ್ತದೆ. ಅಪ್ಪನ ಕಿವಿಗೆ ಫೋನು ಪ್ರಯೋಜನವಿಲ್ಲ, ಆದ್ದರಿಂದ ಕಾಗದ ಬರೆಯಿರಿ.

ನಿಮ್ಮ
ಉಯರಾಕ್


ಇಕ್ಪಿಯಾರ್ಜುಕ್
9 ನವೆಂಬರ್ 1993

ಅಪ್ಪಾ,

ನಿನ್ನ ಲಕೋಟೆ ಬಂತು. ಸೂರ್ಯ ಹೋಗಿ ಮೂರು ದಿನವಾಯಿತು, ಇನ್ನು ಫೆಬ್ರವರಿಗೇ ಬರುವುದು. ಕೊಲ್ಲಿ ಗಟ್ಟಿಯಾಗಿದೆ. ನಿನ್ನೆ ಒಂದು ಸೀಲು ಸಿಕ್ಕಿತು. ಸಣ್ಣದು, ಹೇಳಿಕೊಳ್ಳುವಂಥದ್ದೇನಲ್ಲ.

ಹೆಸರು ಇಲ್ಲದಿದ್ದರೆ ಏನಂತೆ. ಗೊತ್ತಿಲ್ಲದವನ ಹೆಸರನ್ನು ಏಕೆ ಹಾಕಬೇಕು? ಲುಕಾಸಿ ಎರಡು ಪುಟ ಹೇಳಿದ್ದು ಒಳ್ಳೆಯದಾಯಿತು. ಅವನು ಆರ್ಲುಕ್ ನೋಡಿದ್ದು ಎರಡೇ ಸಲ. ಸಲಕ್ಕೊಂದು ಪುಟ.

ಮುಖಪುಟದಲ್ಲಿ ಆರ್ಲುಕ್ ಅನ್ನು ‘ಕೊಲೆಗಾರ ತಿಮಿಂಗಿಲ’ ಎಂದು ಏಕೆ ಹಾಕಿದ್ದಾರೆ? ಹೊಟ್ಟೆಗಾಗಿ ಕೊಲ್ಲುವವರೆಲ್ಲ ಕೊಲೆಗಾರರಾದರೆ ನಿನ್ನಮ್ಮ ಮೂವತ್ತು ವರ್ಷದಿಂದ ಒಬ್ಬ ಕೊಲೆಗಾರನಿಗೆ ಚಹಾ ಕಾಸಿಕೊಡುತ್ತಿದ್ದಾಳೆ.

ಹೀಟರ್ ಕಡಿಮೆ ಮಾಡಿಕೋ. ಬೆವರಿ ಹೊರಗೆ ಹೋಗಬೇಡ.

ನಿನ್ನ ಮಗ
ಅಕುಮಾಲಿಕ್

ಮಾವನವರಿಗೆ ನಿನ್ನಮ್ಮ ಮಿಯಾಲಿಯ ನಾಲ್ಕು ಸಾಲು. ಅವನು ಅಂಟು ಹುಡುಕಲು ಹೋಗಿದ್ದಾನೆ, ಅಷ್ಟರಲ್ಲಿ ಬರೆಯುತ್ತಿದ್ದೇನೆ. ಸೀಲು ಸಣ್ಣದಲ್ಲ. ಇಬ್ಬರು ಎಳೆದು ಒಳಗೆ ತಂದೆವು. ಕರಡನ್ನು ಬೆರಳಿಟ್ಟುಕೊಂಡು ಎರಡು ಸಲ ಓದಿದ. ಇಪ್ಪತ್ತನೇ ಪುಟದಲ್ಲಿ ಬೆರಳು ನಿಂತಿತು. ಮರುದಿನ ಗೋಡೆಯ ಮೇಲಿದ್ದ ನಿನ್ನ ಅಜ್ಜನ ದೋಣಿಯ ಹುಟ್ಟನ್ನು ಇಳಿಸಿ ಶೆಡ್ಡಿನಲ್ಲಿ ಹಳೆಯ ಎಂಜಿನ್ನಿನ ಹಿಂದೆ ಇಟ್ಟಿದ್ದಾನೆ. ಏಕೆ ಎಂದು ಕೇಳಿದರೆ ಗೋಡೆಗೆ ಬಣ್ಣ ಹೊಡೆಯಬೇಕು ಎಂದ. ನಮ್ಮಲ್ಲಿ ಬಣ್ಣ ಎಲ್ಲಿದೆ?

ಇನ್ನೊಂದು ಮಾತು. ಹುಡುಗಿಯಾದ ನಿನಗೆ ತೀರಿಕೊಂಡ ನನ್ನ ಮಾವನ ಹೆಸರಿಟ್ಟ ದಿನದಿಂದ, ನಮ್ಮವರ ಪದ್ಧತಿಯಂತೆ, ನೀನು ಅವನಿಗೆ ಅಪ್ಪ, ನನಗೆ ಮಾವ. ಅವನು ಇವತ್ತಿಗೂ ನಿನ್ನನ್ನು ಅಪ್ಪಾ ಅನ್ನುತ್ತಾನೆ. ನೀನು ಮಾತ್ರ ಶಾಲೆಗೆ ಹೋದಂದಿನಿಂದ ಅವನನ್ನು ಮಗನೇ ಅನ್ನುವುದನ್ನು ಬಿಟ್ಟು ಅಪ್ಪ ಅನ್ನಲು ಶುರುಮಾಡಿದೆ. ಈಗ ನನ್ನ ಮನೆಯಲ್ಲಿ ಇಬ್ಬರು ಅಪ್ಪಂದಿರಿದ್ದಾರೆ, ಮಗ ಒಬ್ಬನೂ ಇಲ್ಲ.


ಇಕಾಲುಯಿತ್
12 ಡಿಸೆಂಬರ್ 1993

ಪ್ರೀತಿಯ ಅಪ್ಪ,

ಹುಟ್ಟಿನ ವಿಷಯ ಓದಿದ ಮೇಲೆ ಸುಮ್ಮನಿರಲು ಆಗುತ್ತಿಲ್ಲ. ನಿಮ್ಮ ಹೆಸರು ಬಿಟ್ಟುಹೋದದ್ದು ನನ್ನಿಂದ.

ಅವತ್ತು ಗಡ್ಡಪ್ಪ ನಿಮ್ಮನ್ನು ಕೇಳಿದ್ದು, ಆರ್ಲುಕ್ ಬೇಟೆಯಾಡುವಾಗ ದನಿ ಮಾಡುತ್ತದೆಯೇ ಎಂದು. ನೀವು ಹೇಳಿದಿರಿ, “ನಂಗೇನ್ ಗೊತ್ತು? ನಾನು ಕಿವುಡ. ಯಾವಾಗ್ಲೋ ಒಂದ್ಸಲ ನೋಡಿರ್ಬೋದು.” ನಾನು ಅದನ್ನು ಅಕ್ಷರಕ್ಕೆ ಅಕ್ಷರ ದಾಟಿಸಿದೆ. ಅವರು ತಮ್ಮ ಟಿಪ್ಪಣಿ ಪುಸ್ತಕದಲ್ಲಿ ‘ಕಿವುಡರು, ಮಾಹಿತಿ ಇಲ್ಲ’ ಎಂದು ಬರೆದು, ನಿಮಗೆ ವಂದನೆ ಹೇಳಿ ಮುಂದಿನವರನ್ನು ಕರೆದರು.

ಗೊತ್ತಿಲ್ಲ ಎಂದವರನ್ನೇ ಎರಡನೇ ಸಲ ಕೇಳಬೇಕು, ಚಹಾ ಕೊಟ್ಟು ಕಾಯಬೇಕು, ಮೂರನೇ ಸಲ ಕೇಳಬೇಕು ಎಂದು ನಮ್ಮೂರಿನ ಮಗುವಿಗೂ ಗೊತ್ತು. ನನಗೂ ಗೊತ್ತಿತ್ತು. ಗಡ್ಡಪ್ಪನ ಕಡೆ ತಿರುಗಿ, ‘ಇವರನ್ನು ಬಿಡಬೇಡಿ, ಇವರಷ್ಟು ಬಲ್ಲವರು ಈ ಕೊಲ್ಲಿಯಲ್ಲಿ ಇನ್ನೊಬ್ಬರಿಲ್ಲ’ ಎಂದರೆ ಸಾಕಿತ್ತು. ಬಾಯಿ ಬರಲಿಲ್ಲ. ಬಾಗಿಲಲ್ಲಿ ಲುಕಾಸಿ ಚಿಕ್ಕಪ್ಪ ಸರದಿಗೆ ಕಾಯುತ್ತಿದ್ದರು. ಅವರ ಮುಂದೆ ನನ್ನ ಅಪ್ಪನನ್ನು ನಾನೇ ಹೊಗಳುವುದು ಹೇಗೆ? ನಾಚಿಕೆಯಾಯಿತು. ನೀವೇ ಕಲಿಸಿದ ನಾಚಿಕೆ ಅದು. ಒಳಗೊಳಗೆ ಹೆಮ್ಮೆಯಿಂದ ಉಬ್ಬಿಹೋಗಿದ್ದೆ, ಹೊರಗೆ ನಿಮ್ಮನ್ನು ಕಿವುಡರನ್ನಾಗಿ ಮಾಡಿಬಿಟ್ಟೆ.

ಗಡ್ಡಪ್ಪ ಮುಂದಿನ ಆಗಸ್ಟಿನಲ್ಲಿ ಮತ್ತೆ ಬರುತ್ತಾರೆ. ಅಲ್ಲಿಯವರೆಗೆ ಕರಡು ತಿದ್ದಬಹುದು. ಒಂದು ಸಲ, ಒಂದೇ ಒಂದು ಸಲ, ಅವರ ಮುಂದೆ ‘ನನಗೆ ಗೊತ್ತು’ ಎಂದು ಹೇಳುತ್ತೀರಾ? ಇಲ್ಲದಿದ್ದರೆ ನಮ್ಮ ಕೊಲ್ಲಿಗೆ ಆರ್ಲುಕ್ ಬರುವುದೇ ಇಲ್ಲ ಎಂದು ನಮ್ಮ ಮಕ್ಕಳೇ ಶಾಲೆಯಲ್ಲಿ ಓದುತ್ತಾರೆ.

ನಿಮ್ಮ
ಉಯರಾಕ್


ಇಕ್ಪಿಯಾರ್ಜುಕ್
16 ಫೆಬ್ರವರಿ 1994

ಅಪ್ಪಾ,

ಬಿರುಗಾಳಿಗೆ ವಿಮಾನ ಮೂರು ವಾರ ಇಳಿಯಲಿಲ್ಲ. ನಿನ್ನ ಕಾಗದ ಸೂರ್ಯನ ಜೊತೆಯಲ್ಲೇ ಬಂತು. ಸೂರ್ಯ ಬೆಟ್ಟದ ತುದಿಯಲ್ಲಿ ಒಂದು ಬೆರಳಷ್ಟು ಕಂಡ. ಎಲ್ಲರೂ ಹೊರಗೆ ನಿಂತು ನೋಡಿದೆವು.

ನೀನು ಕೇಳಿದ್ದು ನನ್ನಿಂದ ಆಗದು. ‘ನನಗೆ ಗೊತ್ತು’ ಎಂದು ಯಾರ ಮುಂದೆ ಹೇಳಲಿ? ಪ್ರಾಣಿಗಳು ಕೇಳಿಸಿಕೊಳ್ಳುತ್ತವೆ. ಇವನಿಗೆ ನಮ್ಮ ಬಗ್ಗೆ ಎಲ್ಲ ಗೊತ್ತಂತೆ ಎಂದು ಸೀಲುಗಳು ಬೇರೆ ಕಡೆ ಹೋಗಿ ಉಸಿರಾಡುತ್ತವೆ. ಜಂಬ ಕೊಚ್ಚಿಕೊಂಡವನ ಮನೆಯವರು ಹಸಿದದ್ದನ್ನು ನಾನು ನೋಡಿದ್ದೇನೆ. ನೀನು ನಾಚಿಕೊಂಡದ್ದು ಸರಿಯೇ. ಅದಕ್ಕೆ ಅಳಬೇಡ.

ಗಡ್ಡಪ್ಪನಿಗೆ ನಾನು ಏನೂ ಹೇಳುತ್ತಿಲ್ಲ. ನಿನಗೆ ನೆನಪು ಮಾಡಿಕೊಡುತ್ತೇನೆ, ಅಷ್ಟೆ. ತೋರಿಸಿದವನು ನೀನೇ, ಈ ಹೆಸರು ಹೊತ್ತು ಮೊದಲ ಸಲ ಬದುಕಿದ್ದಾಗ. ನಿನಗೆ ಹೇಳಿದರೆ ಅದು ಜಂಬವಾಗುವುದಿಲ್ಲ.

ನನಗೆ ಆಗ ಹನ್ನೊಂದು. ನನ್ನ ಕಿವಿ ಆಗ ಚೆನ್ನಾಗಿತ್ತು. ನಾವಿಬ್ಬರೂ ಮರದ ದೋಣಿಯಲ್ಲಿ ಕೆಂಪು ಬಂಡೆಯ ಹತ್ತಿರ ನಿಂತಿದ್ದೆವು. ನೀನು ಹುಟ್ಟಿನ ಅಲಗನ್ನು ನೀರಿಗಿಳಿಸಿ, ಹಿಡಿಯನ್ನು ನಿನ್ನ ದವಡೆಗೆ ಒತ್ತಿಕೊಂಡು ಕಣ್ಣು ಮುಚ್ಚಿದೆ. ಆಮೇಲೆ ನನ್ನ ದವಡೆಗೆ ಒತ್ತಿದೆ. ಮೂಳೆಯೊಳಗೆ ಟಿಕಿಟಿಕಿ ಎಂದು ಕೇಳಿತು. ಒಂಟಿಕೊಂಬಿನ ತಿಮಿಂಗಿಲಗಳು ಎಂದೆ ನಾನು. ಬಹಳ ಹೊತ್ತು ಹಾಗೇ ಕೂತೆವು. ಮೊದಲು ಕೊಲ್ಲಿಯ ಬಾಯಿಯ ಕಡೆಯಿಂದ ಬರುತ್ತಿದ್ದ ಟಿಕಿಟಿಕಿ ನಿಂತಿತು. ಆಮೇಲೆ ನಡುವಿನದು ನಿಂತಿತು. ಆಮೇಲೆ ನಮ್ಮ ಪಕ್ಕದ್ದೂ ನಿಂತಿತು. ಬಾಗಿಲುಗಳನ್ನು ಒಂದೊಂದಾಗಿ ಮುಚ್ಚಿಕೊಂಡು ಬಂದ ಹಾಗೆ.

“ಈಗೇನ್ ಕೇಳ್ತದೆ?” ಎಂದು ನೀನು ಕೇಳಿದೆ.

“ಏನೂ ಇಲ್ಲ.”

“ಅದೇ ಆರ್ಲುಕ್. ಬೇಟೆಗೆ ಬಂದಾಗ ಅದು ಬಾಯಿ ಬಿಡಲ್ಲ. ಅದಕ್ಕೆ ಹೆದರಿ ಉಳಿದವೂ ಬಿಡಲ್ಲ. ಅದರ ಮಾತೆಲ್ಲ ಊಟ ಆದ್ಮೇಲೆ.”

ಆಮೇಲೆ ಆರ್ಲುಕ್‌ಗಳ ಬೆನ್ನಿನ ರೆಕ್ಕೆಗಳು ಕಂಡವು, ಆರು. ಅಷ್ಟರಲ್ಲಿ ಒಂಟಿಕೊಂಬಿನವು ದಡಕ್ಕೆ ಅಂಟಿಕೊಂಡಂತೆ ಬಂದು ನಿಂತಿದ್ದವು, ಕೈ ಚಾಚಿದರೆ ಬೆನ್ನು ಸಿಗುವಷ್ಟು ಹತ್ತಿರ. ಎಂದೂ ಬಂಡೆ ಹತ್ತದ ಸೀಲುಗಳು ಬಂಡೆ ಹತ್ತಿದವು. ಹೀಗೆ ಆರ್ಲುಕ್‌ಗೆ ಹೆದರಿ ದಡ ಸೇರುವುದಕ್ಕೆ ನಮ್ಮಲ್ಲಿ ಒಂದೇ ಒಂದು ಪದ ಸಾಕು. ಲುಕಾಸಿ ಅದನ್ನು ಹೇಳಿದಾಗ ಗಡ್ಡಪ್ಪನಿಗೆ ದಾಟಿಸಲು ನಿನಗೆ ಒಂದು ಸಾಲು ಬೇಕಾಯಿತು, ನಾನು ಬಾಗಿಲಲ್ಲಿ ನಿಂತು ನೋಡುತ್ತಿದ್ದೆ.

ಆರರಲ್ಲಿ ಒಂದು ಮುದುಕಿ, ಅವಳ ರೆಕ್ಕೆಯ ಹಿಂಬದಿ ಹರಿದಿತ್ತು. ಅವಳು ಒಂದು ಸೀಲನ್ನು ಬಾಲದಿಂದ ಬಡಿದು ಮೇಲಕ್ಕೆಸೆದಳು, ಆದರೆ ತಿನ್ನಲಿಲ್ಲ. ಮೆತ್ತಗೆ ಬಾಯಲ್ಲಿ ಹಿಡಿದು ತಂದು ಮರಿಯ ಮುಂದೆ ಬಿಟ್ಟಳು. ಸೀಲು ಮರಿಯಿಂದ ಮೂರು ಸಲ ತಪ್ಪಿಸಿಕೊಂಡಿತು. ಮೂರು ಸಲವೂ ಮುದುಕಿ ಹೋಗಿ ಹಿಡಿದು ತಂದಳು. ಬೈಯಲಿಲ್ಲ. ನಾಲ್ಕನೇ ಸಲಕ್ಕೆ ಮರಿ ಹಿಡಿಯಿತು. ನೀನು ಆಗ ನನ್ನ ಕಡೆ ತಿರುಗಿ ನೋಡಿದ್ದು ನೆನಪಿದೆಯೇ?

ಇನ್ನೊಂದು ಸೀಲು ನಮ್ಮ ದೋಣಿಯ ಪಕ್ಕಕ್ಕೇ ಬಂದು ಅಂಟಿಕೊಂಡಿತು. ನೀನು ಅದನ್ನು ಹೊಡೆದೆ. ನಮ್ಮ ಕೈಗೆ ಬಂದದ್ದನ್ನು ಬೇಡ ಎಂದರೆ ಅದಕ್ಕೆ ಅವಮಾನ. ಉಪ್ಪುನೀರಿನ ಜೀವದ ಬಾಯಾರಿಕೆ ತೀರಲೆಂದು ಅದರ ಬಾಯಿಗೆ ಸಿಹಿನೀರು ಬಿಟ್ಟೆ. ಕೊಯ್ದು, ಅರ್ಧವನ್ನು ಆರ್ಲುಕ್ ಇದ್ದ ಕಡೆಗೆ ಎಸೆದೆ. ಊರಲ್ಲಿ ಬೇರೆ ಯಾರೂ ಹಾಗೆ ಮಾಡುತ್ತಿರಲಿಲ್ಲ, ಕೇಳಿದವರೆಲ್ಲ ನಗುತ್ತಿದ್ದರು. ಏಕೆ ಎಂದು ನಾನೂ ಕೇಳಿದೆ. “ಅಟ್ಟಿಸ್ಕೊಂಡು ಬಂದಿದ್ದು ಅವು. ಪಾಲು ಕೊಡ್ದೇ ಇರೋಕೆ ನಾವೇನು ಗತಿಗೆಟ್ಟವ್ರಾ?” ಎಂದೆ ನೀನು. ಆ ಮುದುಕಿ ನಮ್ಮ ದೋಣಿಯ ಕೆಳಗೇ ಹಾದುಹೋದಳು. ಅವಳ ಕಣ್ಣಿನ ಹಿಂದಿನ ಬಿಳಿ ಮಚ್ಚೆ ನನ್ನ ಕಾಲಿನ ಕೆಳಗೆ ಸರಿದುಹೋಯಿತು. ದೋಣಿಯನ್ನು ಮುಟ್ಟಲಿಲ್ಲ.

ನನ್ನ ಕಿವಿಗಳನ್ನು ಬಂದೂಕಿನ ಸದ್ದು ತಿಂದುಹಾಕಿತು. ದವಡೆಗೆ ಏನೂ ಆಗಿಲ್ಲ. ಇಷ್ಟೇ ನನಗೆ ನೆನಪಿರುವುದು. ಅದೂ ತಪ್ಪಿರಬಹುದು.

ನಿನ್ನ ಮಗ
ಅಕುಮಾಲಿಕ್


ಇಕಾಲುಯಿತ್
20 ಮಾರ್ಚ್ 1994

ಪ್ರೀತಿಯ ಅಪ್ಪ,

ನಿಮ್ಮ ಕಾಗದವನ್ನು ಕಚೇರಿಯಲ್ಲಿ ಒಡೆದು ಓದಲು ಶುರುಮಾಡಿದೆ. ಮುಗಿಸಲು ಹೊರಗೆ ಹೋಗಬೇಕಾಯಿತು. ಹನ್ನೊಂದು ಜನರ ಮಾತು ಸೇರಿದರೂ ಇದರ ಕಾಲುಭಾಗ ಆಗುವುದಿಲ್ಲ. ಗಡ್ಡಪ್ಪನ ಮೈಕಿಗೆ ಹತ್ತು ದಿನ ಏನೂ ಕೇಳದಿದ್ದುದು ಆರ್ಲುಕ್ ಇಲ್ಲದ್ದಕ್ಕಲ್ಲ, ಇದ್ದದ್ದಕ್ಕೆ!

ಆದರೆ ಇದನ್ನು ಅವರಿಗೆ ಕೊಟ್ಟಿಲ್ಲ. ನೀವು ಬರೆದದ್ದು ನಿಮ್ಮ ಅಪ್ಪನಿಗೆ. ನಿಮ್ಮನ್ನು ಕೇಳದೆ ಕೊಡಲಾರೆ.

ನಾನು ಮಗನೇ ಅನ್ನುವುದನ್ನು ಬಿಟ್ಟೆ ಎಂದು ಅಮ್ಮ ಬರೆದಿದ್ದಳು, ಏಕೆಂದು ಹೇಳುತ್ತೇನೆ. ಶಾಲೆಯಲ್ಲಿ ಮನೆಗೆ ಕಾಗದ ಬರೆಸಿದರು. ನಾನು ‘ನನ್ನ ಮಗನಿಗೆ’ ಎಂದು ಶುರುಮಾಡಿದೆ. ಟೀಚರ್ ಅದನ್ನು ತರಗತಿಗೆಲ್ಲ ಓದಿ ಹೇಳಿ, ಎಂಟು ವರ್ಷದ ಹುಡುಗಿಗೆ ನಲವತ್ತು ವರ್ಷದ ಮಗನೇ ಎಂದು ನಕ್ಕರು. ಎಲ್ಲರೂ ನಕ್ಕರು. ಅವತ್ತಿನಿಂದ ಆ ಮಾತು ನನ್ನ ಗಂಟಲಲ್ಲೇ ಉಳಿಯಿತು. ಅಪ್ಪ, ನೀವು ಅದನ್ನು ಯಾವತ್ತೂ ಕೇಳಲಿಲ್ಲ.

ನಿಮ್ಮ
ಉಯರಾಕ್


ಇಕ್ಪಿಯಾರ್ಜುಕ್
2 ಮೇ 1994

ಅಪ್ಪಾ,

ಕಾಗದ ನಿನ್ನದು. ಏನು ಬೇಕಾದರೂ ಮಾಡು.

ಆ ಟೀಚರನ್ನು ದೋಣಿಯಲ್ಲಿ ಕೂರಿಸಿಕೊಂಡು ಒಂದು ಸುತ್ತು ಹೋಗಿಬರಬೇಕಿತ್ತು.

ನಿನ್ನ ಮಗ
ಅಕುಮಾಲಿಕ್

ಮಾವನವರೇ, ಹುಟ್ಟು ಇನ್ನೂ ಶೆಡ್ಡಿನಲ್ಲೇ ಇದೆ. ಆದರೆ ನಿನ್ನ ಮಗ ಅಂಗಡಿಗೆ ಹೋದಾಗಲೆಲ್ಲ ನಿನ್ನ ಲಕೋಟೆಯನ್ನು ಅಂಗಿಯ ಜೇಬಿನಲ್ಲಿ ಅರ್ಧ ಹೊರಗೆ ಕಾಣುವಂತೆ ಇಟ್ಟುಕೊಂಡು ಹೋಗುತ್ತಾನೆ. ಯಾರಾದರೂ ಕೇಳಿದರೆ, “ನಮ್ ಹುಡುಗಿದು. ಚರ್ಮ ಹೆರೆಯೋಕೂ ಬರಲ್ಲ, ಬರೀ ಕಾಗದ ಗೀಚ್ಕೊಂಡಿರ್ತಾಳೆ” ಅನ್ನುತ್ತಾನೆ. ಒಂದೇ ವಾರದಲ್ಲಿ ಹದಿನೈದು ಜನರ ಮುಂದೆ ನಿನ್ನನ್ನು ಕೈಲಾಗದವಳು ಎಂದಿದ್ದಾನೆ. ಇಷ್ಟೊಂದು ಹೆಮ್ಮೆ ಪಡುವವನನ್ನು ನಾನು ಈ ಊರಲ್ಲಿ ಕಂಡಿಲ್ಲ. ನನಗೇ ನಾಚಿಕೆಯಾಗುತ್ತಿದೆ. — ಮಿಯಾಲಿ


ಇಕಾಲುಯಿತ್
14 ಜೂನ್ 1994

ಪ್ರೀತಿಯ ಅಪ್ಪ,

ಗಡ್ಡಪ್ಪನಿಗೆ ಕಾಗದವನ್ನು ದಾಟಿಸಿ ಕಳಿಸಿದ್ದೆ. ಉತ್ತರ ಬಂದಿದೆ. ಅವರು ಕೆಟ್ಟವರಲ್ಲ, ನೇರ ಮನುಷ್ಯರು. ಇಂಥದ್ದನ್ನು ಎಲ್ಲೂ ಓದಿಲ್ಲ ಎಂದು ಬರೆದಿದ್ದಾರೆ. ಆದರೆ ‘ನನ್ನ ಮೈಕಿಗೆ ತಿಳಿಯದ್ದು ಕಿವುಡರೊಬ್ಬರ ದವಡೆಗೆ ತಿಳಿಯುತ್ತದೆ ಎಂದು ಅಚ್ಚು ಹಾಕಿಸಬೇಕಾದರೆ ನಾನು ಕಣ್ಣಾರೆ ನೋಡಬೇಕು’ ಎಂದೂ ಬರೆದಿದ್ದಾರೆ. ಆರ್ಲುಕ್ ಬಂದಮೇಲೆ ‘ನನಗೆ ಮೊದಲೇ ಗೊತ್ತಿತ್ತು’ ಎನ್ನುವುದು ಯಾರಿಗೂ ಸುಲಭ. ನೀವೇ, ನಿಮ್ಮ ಬಾಯಿಂದಲೇ, ರೆಕ್ಕೆ ಕಾಣುವ ಮೊದಲು ಹೇಳಬೇಕಂತೆ.

ನಿಮಗೆ ಯಾವುದು ಆಗುವುದಿಲ್ಲವೋ ಅದನ್ನೇ ಕೇಳಿದ್ದಾರೆ. ನನಗೆ ಗೊತ್ತು. ಆದರೂ ಆಗಸ್ಟ್ ಹನ್ನೆರಡಕ್ಕೆ ಅವರ ಜೊತೆ ನಾನೂ ಬರುತ್ತೇನೆ.

ಅಮ್ಮ, ದೊಡ್ಡಮ್ಮನ ಮಗಳ ಹೆರಿಗೆಗೆ ನೀನು ಇಗ್ಲೂಲಿಕ್‌ಗೆ ಹೋಗುತ್ತೀಯಂತೆ. ನೀನಿಲ್ಲದೆ ಇವರಿಬ್ಬರ ನಡುವೆ ನಾನು ಏನು ಮಾಡಲಿ?

ನಿಮ್ಮ
ಉಯರಾಕ್


ಇಕ್ಪಿಯಾರ್ಜುಕ್
23 ಆಗಸ್ಟ್ 1994

ಪ್ರೀತಿಯ ಅಮ್ಮ,

ಮಗು ಹೇಗಿದೆ? ಯಾರ ಹೆಸರಿಟ್ಟಿರಿ? ಇಲ್ಲಿ ನಡೆದದ್ದನ್ನು ಹೇಳುತ್ತೇನೆ, ಕೂತುಕೊಂಡು ಓದು.

ಎಂಟು ದಿನ ದೋಣಿಯಲ್ಲಿ ಹೋದೆವು, ಬಂದೆವು. ಗಡ್ಡಪ್ಪ ಮೈಕನ್ನು ನೀರಿಗಿಳಿಸಿ ಸಣ್ಣ ಸ್ಪೀಕರ್ ಹಚ್ಚಿಟ್ಟುಕೊಂಡು ಕೂರುತ್ತಿದ್ದರು. ಅಪ್ಪ ದೋಣಿ ನಡೆಸುತ್ತಿದ್ದರು, ಚಹಾ ಕುಡಿಯುತ್ತಿದ್ದರು, ಹವೆಯ ಬಗ್ಗೆ ಕೇಳಿದರೆ ಹೇಳುತ್ತಿದ್ದರು. ಹುಟ್ಟನ್ನು ಶೆಡ್ಡಿನಿಂದ ನಾನೇ ತಂದು ದೋಣಿಗೆ ಹಾಕಿದ್ದೆ. ಅಪ್ಪ ಅದನ್ನು ನೋಡಿ ಎಂಜಿನ್ ಶುರುಮಾಡಿದರು. ಲುಕಾಸಿ ಚಿಕ್ಕಪ್ಪ ಒಂದು ದಿನ ಜೊತೆಗೆ ಬಂದು ಬೆಳಗಿನಿಂದ ಸಂಜೆಯವರೆಗೆ ಆರ್ಲುಕ್ ಕಥೆ ಹೇಳಿದರು. ಅವರು ಆರ್ಲುಕ್ ನೋಡಿದ ಎರಡು ಸಲ ಈ ವರ್ಷ ಏಳು ಸಲವಾಗಿದೆ.

ಒಂಬತ್ತನೇ ದಿನ, ಮೊನ್ನೆ ಬೆಳಿಗ್ಗೆ, ಕೆಂಪು ಬಂಡೆಯ ಹತ್ತಿರ ನಿಂತಿದ್ದೆವು. ಗಾಳಿಯೇ ಇರಲಿಲ್ಲ. ಸ್ಪೀಕರಿನಲ್ಲಿ ಒಂಟಿಕೊಂಬಿನವುಗಳ ಟಿಕಿಟಿಕಿ ಒಂದೇ ಸಮನೆ ಬರುತ್ತಿತ್ತು. ಅಪ್ಪ ಚಹಾದ ಲೋಟ ಕೆಳಗಿಟ್ಟು, ಯಾರನ್ನೂ ನೋಡದೆ, ಹುಟ್ಟನ್ನು ನೀರಿಗಿಳಿಸಿ ಹಿಡಿಯನ್ನು ದವಡೆಗೆ ಒತ್ತಿಕೊಂಡರು. ಸುಮ್ಮನೆ ತುರಿಸಿಕೊಳ್ಳುವವರ ಹಾಗೆ. ಬಹಳ ಹೊತ್ತಾಯಿತು. ಸ್ಪೀಕರಿನ ಸದ್ದು ತೆಳ್ಳಗಾಗುತ್ತಾ ಹೋಗಿ ನಿಂತೇಹೋಯಿತು. ಗಡ್ಡಪ್ಪ ಗುಂಡಿಗಳನ್ನು ತಿರುಗಿಸಿ ನೋಡಿ, ಇಲ್ಲಿ ಇವತ್ತು ಏನೂ ಇಲ್ಲ, ತಂತಿ ಎಳೆದುಕೊಂಡು ಆಚೆ ಕೊಲ್ಲಿಗೆ ಹೋಗೋಣ ಎಂದರು. ಎರಡು ದಿನಕ್ಕೆ ಅವರ ವಿಮಾನವಿತ್ತು. ಅವರು ತಂತಿ ಸುತ್ತಲು ಶುರುಮಾಡಿದರು.

ನಾನು ಅಪ್ಪನ ಭುಜ ಮುಟ್ಟಿ, ಏನು ತಿಳಿಯಿತು ಎಂದು ಅವರಿಗೆ ಕಾಣುವಂತೆ ತುಟಿಯಾಡಿಸಿ ಕೇಳಿದೆ.

“ಕಿವುಡನ್ನ ಏನು ಕೇಳ್ತೀಯಾ?” ಎಂದರು. ಅವರ ಮುಖ ಬೆವರುತ್ತಿತ್ತು. ಅವರಿಗೆ ಎಲ್ಲ ತಿಳಿದಿದೆ ಎಂದು ನನಗೆ ಗೊತ್ತಾಯಿತು. ಅವರು ಹೇಳುವುದಿಲ್ಲ ಎಂದೂ ಗೊತ್ತಾಯಿತು. ಎರಡನೇ ಸಲ ಕೇಳಿದೆ. ಮೂರನೇ ಸಲ ಕೇಳಿದೆ. ತಲೆ ಅಲ್ಲಾಡಿಸಿದರು. ತಂತಿ ಅರ್ಧ ಮೇಲೆ ಬಂದಿತ್ತು.

ಆಗ ಅದು ಬಂತು ಅಮ್ಮ. ಎಂಟು ವರ್ಷದವಳಿದ್ದಾಗ ಗಂಟಲಲ್ಲಿ ಸಿಕ್ಕಿಕೊಂಡದ್ದು.

“ಮಗನೇ,” ಎಂದೆ. “ನಾನು ಕಲಿಸಿದ್ದು ಮರ್ತ್‌ಬಿಟ್ಯಾ?”

ಅವರು ನನ್ನನ್ನೇ ನೋಡಿದರು. ದವಡೆಯಿಂದ ಹುಟ್ಟನ್ನು ತೆಗೆಯಲಿಲ್ಲ. ಅವರ ಕಣ್ಣಲ್ಲಿ ನೀರು ಬಂತು.

“ಇಲ್ಲ ಅಪ್ಪಾ. ಮರ್ತಿಲ್ಲ.”

“ಹಾಗಾದ್ರೆ ಹೇಳು. ನಿಮ್ಮಪ್ಪ ಹೇಳ್ತಿದೀನಿ, ಹೇಳು.”

ಅಪ್ಪನ ಮಾತನ್ನು ಮೀರುವವರಲ್ಲ ಅವರು. ನೆಟ್ಟಗೆ ಕೂತರು. ಗಡ್ಡಪ್ಪನ ಕಡೆ ತಿರುಗಿ, ಆರಾಮಾಗಿ, ನಾನು ಯಾವತ್ತೂ ಕೇಳದಷ್ಟು ದೊಡ್ಡ ದನಿಯಲ್ಲಿ ಹೇಳಿದರು.

“ಬರ್ತಾ ಇದಾವೆ. ಕೊಲ್ಲಿ ಬಾಯಿಂದ, ಬಲಗಡೆ ದಡ ಹಿಡ್ಕೊಂಡು. ನೀವು ಚಹಾ ಮುಗಿಸೋದ್ರೊಳಗೆ ಒಂಟಿಕೊಂಬಿನವು ಇಲ್ಲಿ ದಡ ಸೇರ್ತಾವೆ. ಅದಾದ್ಮೇಲೆ ಆರ್ಲುಕ್ ಬರ್ತದೆ. ಊಟ ಆಗೋವರೆಗೂ ನಿಮ್ಮ ಡಬ್ಬಕ್ಕೆ ಏನೂ ಕೇಳ್ಸಲ್ಲ. ನಂಗೆ ಗೊತ್ತು.”

ನಾನು ಅಕ್ಷರಕ್ಕೆ ಅಕ್ಷರ ದಾಟಿಸಿದೆ. ಕೊನೆಯ ಎರಡು ಪದಗಳನ್ನು ಎರಡು ಸಲ ದಾಟಿಸಿದೆ.

ಗಡ್ಡಪ್ಪ ಗಡಿಯಾರ ನೋಡಿ ಬರೆದುಕೊಂಡು, ಮೈಕನ್ನು ಮತ್ತೆ ನೀರಿಗೆ ಬಿಟ್ಟರು. ನಾನು ಅವರ ಲೋಟಕ್ಕೆ ಚಹಾ ಹಾಕಿದೆ. ಅಮ್ಮ, ಅವರು ಅದನ್ನು ಮುಗಿಸಲೇ ಇಲ್ಲ. ಮೊದಲು ಕೊಂಬುಗಳು ಕಂಡವು, ಬಂಡೆಗೆ ಉಜ್ಜುವಷ್ಟು ಹತ್ತಿರ. ಆಮೇಲೆ ಬಂಡೆಯ ಮೇಲೆ ಸೀಲುಗಳು. ಒಂದು ಸೀಲು ನಮ್ಮ ದೋಣಿಯ ಬದಿಗೇ ಬಂದು ಗಡ್ಡಪ್ಪನ ಮುಖವನ್ನು ನೋಡುತ್ತಾ ನಿಂತಿತು. ಆಮೇಲೆ ರೆಕ್ಕೆಗಳು, ಬಲಗಡೆ ದಡ ಹಿಡಿದು. ಒಂಬತ್ತು. ಬಂಡೆಯಿಂದ ಜಾರಿದ ಒಂದು ಸೀಲನ್ನು ಎರಡು ಸೇರಿ ಸುತ್ತುಹಾಕಿದವು, ಮೂರನೆಯದು ಕೆಳಗಿನಿಂದ ಬಂತು. ನೀರು ಕೆಂಪಾಯಿತು. ಇಷ್ಟೆಲ್ಲ ನಡೆದರೂ ಸ್ಪೀಕರಿನಲ್ಲಿ ನೀರಿನ ಸದ್ದು ಬಿಟ್ಟರೆ ಏನೂ ಇಲ್ಲ.

ಆಮೇಲೆ ಊಟ ಮುಗಿಯಿತು. ಒಂದು ಸಲಕ್ಕೇ ಆ ಡಬ್ಬ ಕಿರುಚತೊಡಗಿತು, ಸಿಳ್ಳೆ, ಕೂಗು, ಬಾಗಿಲು ಕಿರ್ರೆಂದ ಹಾಗೆ, ಒಂಬತ್ತೂ ಒಟ್ಟಿಗೆ. ಮದುವೆ ಮನೆಯ ಹಾಗೆ. ಗಡ್ಡಪ್ಪ ಎರಡೂ ಕೈಗಳಲ್ಲಿ ತಲೆ ಹಿಡಿದುಕೊಂಡು ನಗುತ್ತಿದ್ದರು. ಅಪ್ಪನಿಗೆ ಅದೇನೂ ಕೇಳಿಸಲಿಲ್ಲ. ಅವರು ದೋಣಿಯ ಬದಿಯ ಸೀಲನ್ನು ಹೊಡೆದು, ಬಾಯಿಗೆ ಸಿಹಿನೀರು ಬಿಟ್ಟು, ಎರಡು ಭಾಗ ಮಾಡಿ, ಒಂದನ್ನು ನನ್ನ ಕೈಗೆ ಕೊಟ್ಟರು. ನಾನು ಎಸೆದೆ. ದೂರ ಹೋಗಲಿಲ್ಲ, ಕೈಲಾಗದವಳಲ್ಲವೇ. ಆದರೂ ಒಂದು ಆರ್ಲುಕ್ ಬಂದು ತೆಗೆದುಕೊಂಡು ಹೋಯಿತು.

ಗಡ್ಡಪ್ಪ ಸಂಜೆ ಕೇಳಿದರು, ಅಷ್ಟು ಹೊತ್ತು ಹೇಳದಿದ್ದವರು ಒಂದೇ ಮಾತಿಗೆ ಏಕೆ ಹೇಳಿದರು, ನೀನು ಅವರಿಗೆ ಏನೆಂದೆ ಎಂದು. ಅವರ ಅಪ್ಪ ಬೈದರು ಎಂದೆ.

ಹುಟ್ಟು ಗೋಡೆಗೆ ಬಂದಿದೆ.

ನಿನ್ನ ಮಾವ
ಉಯರಾಕ್


ಇಕ್ಪಿಯಾರ್ಜುಕ್
21 ಫೆಬ್ರವರಿ 1995

ಅಪ್ಪಾ,

ಸೂರ್ಯ ಬಂದಿದ್ದಾನೆ, ಪುಸ್ತಕವೂ ಬಂದಿದೆ. ಅಂಗಡಿಯಲ್ಲಿ ಎಲ್ಲರೂ ಸುತ್ತ ನಿಂತಿರುವಾಗಲೇ ಕಟ್ಟು ಬಿಚ್ಚಬೇಕಾಯಿತು. ನಾನು ಬೇಡ ಎಂದೆ, ನಿನ್ನಮ್ಮ ಕೇಳಲಿಲ್ಲ.

ಕಾಗದ ತೆಳುವಾಗಿದೆ. ಫೋಟೋದಲ್ಲಿ ನನ್ನ ಮೂಗು ಬೇರೆ ಯಾರದ್ದೋ ಹಾಗಿದೆ. ನನ್ನ ಮಾತಿಗೆ ಆರು ಪುಟ ದಂಡ ಮಾಡಿದ್ದಾರೆ. ಮುಖಪುಟದಲ್ಲಿ ಕೊಲೆಗಾರ ಎಂಬುದನ್ನು ತೆಗೆದು ಆರ್ಲುಕ್ ಎಂದು ಹಾಕಿದ್ದಾರೆ, ಅದೊಂದು ಪರವಾಗಿಲ್ಲ. ಇಪ್ಪತ್ತನೇ ಪುಟದಲ್ಲಿ ಆ ಹಳೆಯ ಮಾತಿಲ್ಲ. ಅಲ್ಲಿ ಈಗ ಹುಟ್ಟಿನ ಚಿತ್ರವಿದೆ.

ಗಡ್ಡಪ್ಪ ಹೋಗುವ ದಿನ ಹೆಸರು ಹೇಗೆ ಹಾಕಬೇಕು ಎಂದು ಸನ್ನೆ ಮಾಡಿ ಕೇಳಿದ್ದ. ನೀನು ಸಾಮಾನು ಕಟ್ಟುತ್ತಿದ್ದೆ. ನಾನೇ ನಮ್ಮ ಲಿಪಿಯಲ್ಲಿ ಬರೆದುಕೊಟ್ಟಿದ್ದೆ. ಅವನು ಹಾಗೇ ಹಾಕಿದ್ದಾನೆ: ‘ಕಲಿಸಿದ್ದು ಉಯರಾಕ್. ಹೇಳಿದ್ದು ಉಯರಾಕನ ಮಗ ಅಕುಮಾಲಿಕ್.’

ಲುಕಾಸಿ ಅದನ್ನು ಗಟ್ಟಿಯಾಗಿ ಓದಿದ. ಅವನ ಎರಡು ಪುಟ ಒಂದಾಗಿದೆ, ಅದಕ್ಕೆ ಸ್ವಲ್ಪ ಬೇಜಾರಿನಲ್ಲಿದ್ದ. ನನ್ನ ಕಣ್ಣ ಮುಂದೆ ಬಂದು, ತುಟಿ ದೊಡ್ಡದು ಮಾಡಿ ಕೇಳಿದ, “ಯಾವ ಉಯರಾಕ್? ಸತ್ತೋದ ನಿಮ್ಮಪ್ಪನಾ, ಇಕಾಲುಯಿತ್‌ನಲ್ಲಿರೋ ಹುಡುಗಿನಾ?”

“ನಂಗಿರೋದು ಒಬ್ನೇ ಅಪ್ಪ,” ಎಂದೆ.

ಎಲ್ಲರೂ ನನ್ನನ್ನೇ ನೋಡುತ್ತಿದ್ದರು. ಚರ್ಮ ಹೆರೆಯಲು ಬರುವುದಿಲ್ಲ, ಬರೀ ಕಾಗದ ಗೀಚುತ್ತಾಳೆ ಎಂದು ಹೇಳಲು ಬಾಯಿ ತೆರೆದೆ. ಹೇಳಲಿಲ್ಲ. ಮಗಳನ್ನು ಹೊಗಳಬಾರದು, ಸರಿ. ತನ್ನನ್ನು ತಾನೇ ಹೊಗಳಿಕೊಳ್ಳಬಾರದು, ಅದೂ ಸರಿ. ಆದರೆ ಮಗನಾದವನು ತನ್ನ ಅಪ್ಪನ ಬಗ್ಗೆ ಒಂದು ಮಾತು ಹೇಳಿದರೆ ಯಾವ ಪ್ರಾಣಿಯೂ ಬೇಜಾರು ಮಾಡಿಕೊಳ್ಳುವುದಿಲ್ಲ. ಆದ್ದರಿಂದ ಅಂಗಡಿಯ ನಡುವೆ ನಿಂತು, ಎಲ್ಲರಿಗೂ ಕೇಳುವಂತೆ ಹೇಳಿದೆ.

“ನಮ್ಮಪ್ಪ ಬಹಳ ಬಲ್ಲವಳು.”

ನಿನ್ನ ಮಗ
ಅಕುಮಾಲಿಕ್